ನದಿಯ ನೀಲಿ ಗೆರೆ ಮತ್ತು ನಿಮ್ಮ ಮನೆ: ಕೇಸ್ ಬಿದ್ದಾಗ ಕೋರ್ಟ್ ಏನು ನೋಡುತ್ತೆ?

ಹಿಂಜವಡಿ, ವಾಕಡ್, ಮೋಶಿ ಕಡೆ ಇರುವ ನಮ್ಮವರಿಂದ ಹೆಚ್ಚುಕಮ್ಮಿ ಒಂದೇ ಪ್ರಶ್ನೆ ಬರ್ತಾ ಇರುತ್ತೆ. "ನದಿ ಹತ್ರ ಒಂದು ಪ್ಲಾಟ್ ಇದೆ, ಎರಡು ಗುಂಟೆ. ರೇಟು ಅಕ್ಕಪಕ್ಕಕ್ಕಿಂತ ಕಮ್ಮಿ. ರಿಜಿಸ್ಟ್ರೇಷನ್ ಆಗುತ್ತಂತೆ. ತಗೋಬಹುದಾ?" ಇಲ್ಲಿಯವರು ಪ್ಲಾಟ್ ಅನ್ನೋದು ನಮ್ಮ ಸೈಟಿಗೆ. ಈ ಪ್ರಶ್ನೆಗೆ ಹೌದು, ಇಲ್ಲ ಅಂತ ಒಂದೇ ಮಾತಲ್ಲಿ ಹೇಳಿಬಿಟ್ಟರೆ ಕೇಳಿದವರಿಗೆ ಉಪಯೋಗ ಇಲ್ಲ. ಯಾಕೆ ಅಂತ ಗೊತ್ತಾದರೆ ಮುಂದಿನ ಸೈಟನ್ನು ಅವರೇ ನೋಡಿಕೊಳ್ಳಬಹುದು. ಹಾಗಾಗಿ ಇವತ್ತು ನದಿ, ಕೆರೆ, ನಾಲೆ ಪಕ್ಕದ ಕಟ್ಟಡದ ಮೇಲೆ ಯಾರೋ ಒಬ್ಬರು ಕೇಸ್ ಹಾಕಿದಾಗ ಒಳಗೆ ಏನು ನಡೆಯುತ್ತೆ ಅನ್ನೋದನ್ನ ಬಿಡಿಸಿ ಹೇಳ್ತೀನಿ.

2025ರ ಮೇ 17, ಶನಿವಾರ. ಪಿಂಪ್ರಿ-ಚಿಂಚ್‌ವಡ್ ಮಹಾನಗರಪಾಲಿಕೆಯವರು ಪೊಲೀಸ್ ಬಂದೋಬಸ್ತಿನಲ್ಲಿ ಚಿಖಲಿಗೆ ಜೆಸಿಬಿ ತಂದು, ಇಂದ್ರಾಯಣಿ ನದಿ ದಡದ 36 ಬಂಗಲೆಗಳನ್ನು ನೆಲಸಮ ಮಾಡಿದರು. ಇಂದ್ರಾಯಣಿ ಅಂದ್ರೆ ದೇಹು, ಆಳಂದಿ ಊರುಗಳನ್ನು ಮುಟ್ಟಿ ಹೋಗುವ ನದಿ, ತುಕಾರಾಮ, ಜ್ಞಾನೇಶ್ವರರ ನದಿ. ಬಂಗಲೆ ಅಂದ ತಕ್ಷಣ ದೊಡ್ಡ ಶ್ರೀಮಂತರು ಅಂದುಕೊಳ್ಳಬೇಡಿ. ಗುಂಟೆ ಲೆಕ್ಕದಲ್ಲಿ ಜಾಗ ತಗೊಂಡು, ಉಳಿತಾಯ ಸುರಿದು ಮನೆ ಕಟ್ಟಿದ ಸಂಸಾರಗಳು ಅಲ್ಲಿದ್ದವು. ಅವರು ಹೇಳಿದ್ದು ಇಷ್ಟೇ: ಜಾಗ ರಿಜಿಸ್ಟರ್ ಆಗಿದೆ, ಸ್ಟ್ಯಾಂಪ್ ಡ್ಯೂಟಿ ಕಟ್ಟಿದೀವಿ, ಮನೆ ತೆರಿಗೆ ಕಟ್ಟಿದೀವಿ, ಕರೆಂಟ್ ಬಂದಿದೆ. ಹಾಗಿದ್ದ ಮೇಲೆ ಅಕ್ರಮ ಹೇಗೆ?

ಎನ್‌ಜಿಟಿ, ಅಂದ್ರೆ ರಾಷ್ಟ್ರೀಯ ಹಸಿರು ನ್ಯಾಯಮಂಡಳಿ, 2024ರ ಜುಲೈನಲ್ಲೇ ಇವನ್ನು ಕೆಡವಿ ಅಂತ ಆದೇಶ ಮಾಡಿತ್ತು. ಜೊತೆಗೆ 5 ಕೋಟಿ ರೂಪಾಯಿ ಪರಿಸರ ಪರಿಹಾರ. ಸುಪ್ರೀಂ ಕೋರ್ಟಿಗೆ ಹೋದರೂ ಆದೇಶ ನಿಂತಿತು. ಆ ಮನೆಯವರ ಪ್ರಶ್ನೆಗೆ ಉತ್ತರ ಒಂದು ಗೆರೆಯಲ್ಲಿದೆ. ಅದಕ್ಕೆ ನೀಲಿ ಗೆರೆ ಅಂತಾರೆ, ಮರಾಠಿಯಲ್ಲಿ ನಿಳೀ ರೇಷಾ.

ಮಹಾರಾಷ್ಟ್ರದಲ್ಲಿ ನದಿಗಳಿಗೆ ಎರಡು ಪ್ರವಾಹ ರೇಖೆ ಹಾಕ್ತಾರೆ, ಇಲ್ಲಿಯ ಮಾತಲ್ಲಿ ಪೂರ್ ರೇಷಾ. 25 ವರ್ಷಕ್ಕೊಮ್ಮೆ ಬರುವಂಥ ಪ್ರವಾಹ ಎಲ್ಲಿಯವರೆಗೆ ಹರಡುತ್ತೋ ಅದು ನೀಲಿ ಗೆರೆ. 100 ವರ್ಷಕ್ಕೊಮ್ಮೆ ಬರುವಂಥದ್ದು ಕೆಂಪು ಗೆರೆ. ನದಿಯಿಂದ ನೀಲಿ ಗೆರೆವರೆಗೆ ನಿಷೇಧಿತ ವಲಯ: ತೋಟ, ಹೊಲ, ಆಟದ ಮೈದಾನ, ಇಂಥ ಬಯಲು ಬಳಕೆ ಬಿಟ್ಟರೆ ಮನೆ ಕಟ್ಟುವ ಹಾಗಿಲ್ಲ. ನೀಲಿಯಿಂದ ಕೆಂಪಿನವರೆಗೆ ನಿಯಂತ್ರಿತ ವಲಯ: ಕಟ್ಟಬಹುದು, ಆದರೆ ಷರತ್ತು ಇದೆ, ಮನೆಯ ತಳಪಾಯದ ಮಟ್ಟ ಕೆಂಪು ಗೆರೆಯ ನೀರಿನ ಮಟ್ಟಕ್ಕಿಂತ ಮೇಲಿರಬೇಕು. ಗೆರೆ ಹಾಕೋದು ಜಲಸಂಪನ್ಮೂಲ ಇಲಾಖೆ. ಜನ ಇನ್ನೂ ಹಳೇ ಹೆಸರಲ್ಲೇ ಪಾಟಬಂಧಾರೆ ಖಾತೆ ಅಂತಾರೆ. ಅದನ್ನು ನಕ್ಷೆಗೆ ಇಳಿಸಿಕೊಂಡು ಪರವಾನಗಿ ಕೊಡೋದು ಪಾಲಿಕೆ.

"25 ವರ್ಷಕ್ಕೊಮ್ಮೆ ತಾನೇ, ನಮ್ಮ ಕಾಲಕ್ಕೆ ಏನಾಗಲ್ಲ ಬಿಡಿ" ಅನ್ನುವವರಿದ್ದಾರೆ. ಸ್ವಲ್ಪ ಲೆಕ್ಕ ಮಾಡೋಣ, ನಮ್ಮವರಿಗೆ ಲೆಕ್ಕ ಹೊಸದೇನಲ್ಲ. 25 ವರ್ಷದ ಪ್ರವಾಹ ಅಂದ್ರೆ ಯಾವುದೇ ಒಂದು ವರ್ಷದಲ್ಲಿ ಅದು ಬರುವ ಸಾಧ್ಯತೆ ನೂರಕ್ಕೆ 4. ಬರದೇ ಇರುವ ಸಾಧ್ಯತೆ 0.96. ನಿಮ್ಮ ಹೋಮ್ ಲೋನ್ 20 ವರ್ಷದ್ದಾದರೆ 0.96 ಅನ್ನು 20 ಸಲ ಗುಣಿಸಿ. ಸುಮಾರು 0.44 ಬರುತ್ತೆ. ಅಂದ್ರೆ ಸಾಲ ತೀರುವುದರೊಳಗೆ ಒಮ್ಮೆಯಾದರೂ ನೀರು ಬರುವ ಸಾಧ್ಯತೆ ನೂರಕ್ಕೆ 56. ಇನ್ನು ಕೆಂಪು ಗೆರೆಯ 100 ವರ್ಷದ ಪ್ರವಾಹವೂ 20 ವರ್ಷದಲ್ಲಿ ನೂರಕ್ಕೆ 18ರ ಲೆಕ್ಕಕ್ಕೆ ಬರುತ್ತೆ. ಈ ಲೆಕ್ಕ ಏಜೆಂಟ್ ಹೇಳಲ್ಲ.

ಈಗ ಕೇಸಿನ ವಿಷಯಕ್ಕೆ ಬರ್ತೀನಿ. ತುಂಬಾ ಜನಕ್ಕೆ ಇರುವ ಮೊದಲ ಸಿಟ್ಟು: "ಅರ್ಜಿ ಹಾಕಿದವನು ಆ ಏರಿಯಾದವನೇ ಅಲ್ಲ, ಅವನಿಗೇನು ಸಂಬಂಧ?" ಮಾಮೂಲಿ ಸಿವಿಲ್ ಕೇಸಿನಲ್ಲಿ ಈ ಮಾತು ನಡೆಯುತ್ತೆ, ನಷ್ಟ ಆದವನೇ ಬರಬೇಕು. ಸಾರ್ವಜನಿಕ ಹಿತಾಸಕ್ತಿ ಅರ್ಜಿಯಲ್ಲಿ, ಅಂದ್ರೆ ಪಿಐಎಲ್‌ನಲ್ಲಿ, ಈ ಮಾತು ನಡೆಯಲ್ಲ. ಸಂವಿಧಾನದ 226ನೇ ವಿಧಿಯಡಿ ಹೈಕೋರ್ಟಿಗೆ, 32ನೇ ವಿಧಿಯಡಿ ಸುಪ್ರೀಂ ಕೋರ್ಟಿಗೆ, ಸ್ವಂತ ಲಾಭದ ಉದ್ದೇಶ ಇಲ್ಲದ ಯಾರು ಬೇಕಾದರೂ ಸಾರ್ವಜನಿಕರ ಪರವಾಗಿ ಹೋಗಬಹುದು. ನದಿಯ ವಿಷಯದಲ್ಲಿ ಇದಕ್ಕೆ ಇನ್ನೂ ಗಟ್ಟಿಯಾದ ಒಂದು ಆಧಾರ ಇದೆ.

1996ರ ಡಿಸೆಂಬರ್‌ನಲ್ಲಿ ಸುಪ್ರೀಂ ಕೋರ್ಟ್ ಎಂ.ಸಿ. ಮೆಹ್ತಾ ವಿರುದ್ಧ ಕಮಲ್ ನಾಥ್ ಕೇಸಿನಲ್ಲಿ ತೀರ್ಪು ಕೊಟ್ಟಿತು. ಹಿಮಾಚಲದ ಕುಲ್ಲು-ಮನಾಲಿ ಕಡೆ ಬಿಯಾಸ್ ನದಿ ಪಕ್ಕ ಒಂದು ಹೋಟೆಲ್. ಅದಕ್ಕೆ ಸರ್ಕಾರವೇ ಅರಣ್ಯ ಭೂಮಿ ಗುತ್ತಿಗೆ ಕೊಟ್ಟಿತ್ತು. ನೀರು ತಮ್ಮ ಕಡೆ ನುಗ್ಗಬಾರದು ಅಂತ ಹೋಟೆಲಿನವರು ನದಿಯ ಹರಿವನ್ನೇ ತಿರುಗಿಸಿದರು. ಪತ್ರಿಕೆಯಲ್ಲಿ ಬಂದ ಸುದ್ದಿ ನೋಡಿ ಕೋರ್ಟ್ ತಾನಾಗಿಯೇ ವಿಷಯ ಕೈಗೆತ್ತಿಕೊಂಡಿತು. ಕೋರ್ಟ್ ಹೇಳಿದ್ದರ ಸಾರ: ನದಿ, ದಡ, ಕಾಡು ಇವಕ್ಕೆ ಸರ್ಕಾರ ಮಾಲೀಕ ಅಲ್ಲ, ಜನರ ಪರವಾಗಿ ಕಾಯುವ ಟ್ರಸ್ಟಿ. ಟ್ರಸ್ಟಿ ತನ್ನದಲ್ಲದ್ದನ್ನು ಖಾಸಗಿಯವರಿಗೆ ಬರೆದುಕೊಡೋಕಾಗಲ್ಲ. ಗುತ್ತಿಗೆ ರದ್ದಾಯಿತು. ಪಬ್ಲಿಕ್ ಟ್ರಸ್ಟ್ ಸಿದ್ಧಾಂತ ಅಂತ ವಕೀಲರು ಹೇಳುವುದು ಇದನ್ನೇ. ಇವತ್ತು ಕೆರೆ, ನದಿ ಕೇಸುಗಳಲ್ಲಿ ಈ ತೀರ್ಪು ಮತ್ತೆ ಮತ್ತೆ ಬರುತ್ತೆ. ಸರ್ಕಾರ ಕೊಟ್ಟ ಕಾಗದವೇ ಅಲ್ಲಿ ಬಿದ್ದು ಹೋದ ಮೇಲೆ ಸಬ್ ರಿಜಿಸ್ಟ್ರಾರ್ ಆಫೀಸಿನ ಸೀಲ್ ಎಷ್ಟರದ್ದು, ನೀವೇ ಯೋಚನೆ ಮಾಡಿ.

ಈಚೆಗೆ ಇಂಥ ಕೇಸುಗಳು ಹೈಕೋರ್ಟಿಗಿಂತ ಹೆಚ್ಚು ಎನ್‌ಜಿಟಿಗೆ ಹೋಗ್ತವೆ. 2010ರ ಕಾಯ್ದೆಯಿಂದ ಹುಟ್ಟಿದ ಮಂಡಳಿ ಅದು, ಪಶ್ಚಿಮ ವಲಯದ ಪೀಠ ಪುಣೆಯಲ್ಲೇ ಇದೆ. ಕಾನೂನಿನ ಪ್ರಕಾರ ಅದು ಪಿಐಎಲ್ ಅಲ್ಲ, "ಮೂಲ ಅರ್ಜಿ". ಆದರೆ ಹಾಕುವವರೂ ಅವರೇ, ಉದ್ದೇಶವೂ ಅದೇ. ವ್ಯತ್ಯಾಸ ಅಂದ್ರೆ ಕಾಲಮಿತಿ: ವ್ಯಾಜ್ಯದ ಕಾರಣ ಹುಟ್ಟಿದ 6 ತಿಂಗಳೊಳಗೆ ಅರ್ಜಿ ಬರಬೇಕು, ಸಕಾರಣ ಇದ್ದರೆ ಇನ್ನು 60 ದಿನ. ಪರಿಹಾರ ಅಥವಾ ಪರಿಸರವನ್ನು ಮೊದಲಿನಂತೆ ಮಾಡಿಸುವ ಕೋರಿಕೆಗೆ 5 ವರ್ಷ. ತೀರ್ಪು ಒಪ್ಪಿಗೆ ಇಲ್ಲದಿದ್ದರೆ 90 ದಿನದೊಳಗೆ ನೇರ ಸುಪ್ರೀಂ ಕೋರ್ಟಿಗೆ ಮೇಲ್ಮನವಿ. ಹೈಕೋರ್ಟಿನ ಬಾಗಿಲು ಪೂರ್ತಿ ಮುಚ್ಚಿಲ್ಲ ಅಂತ ಸುಪ್ರೀಂ ಕೋರ್ಟೇ 2022ರಲ್ಲಿ ಹೇಳಿದೆ.

ಒಳಗೆ ಕೆಲಸ ನಡೆಯುವ ರೀತಿ ತಿಳ್ಕೊಳ್ಳಿ, ಇಲ್ಲೇ ಮನೆ ತಗೊಂಡವರ ಹಣೆಬರಹ ತೀರ್ಮಾನ ಆಗೋದು. ಅರ್ಜಿ ಬಂದ ಮೇಲೆ ಮಂಡಳಿ ಸಾಮಾನ್ಯವಾಗಿ ಒಂದು ಜಂಟಿ ಸಮಿತಿ ಮಾಡುತ್ತೆ: ಮಾಲಿನ್ಯ ನಿಯಂತ್ರಣ ಮಂಡಳಿ, ಜಿಲ್ಲಾಧಿಕಾರಿ ಕಚೇರಿ, ಪಾಲಿಕೆ, ಕೆಲವೊಮ್ಮೆ ನೀರಾವರಿಯವರು. ಅವರು ಸ್ಥಳಕ್ಕೆ ಹೋಗಿ ಪ್ರವಾಹ ರೇಖೆಯ ನಕ್ಷೆ ಮೇಲೆ ಸರ್ವೆ ನಂಬರಿನ ನಕ್ಷೆ ಇಟ್ಟು ನೋಡ್ತಾರೆ. ಕಟ್ಟಡ ಗೆರೆಯ ಒಳಗಿದೆಯಾ, ಹೊರಗಿದೆಯಾ. ಆ ವರದಿ ಬಂದ ಮೇಲೆ ಉಳಿದ ವಾದ ಬಹುತೇಕ ಮುಗಿದ ಹಾಗೆ. ನೀವು ಒಳ್ಳೆಯವರಾ, ಗೊತ್ತಿಲ್ಲದೆ ತಗೊಂಡ್ರಾ, ಮಕ್ಕಳ ಸ್ಕೂಲು ಹತ್ರನಾ, ಇದ್ಯಾವುದೂ ಆ ನಕ್ಷೆಯಲ್ಲಿ ಕಾಣಲ್ಲ. ಎಷ್ಟೋ ಸಲ ಮನೆ ತಗೊಂಡವರು ಪಾರ್ಟಿಯೇ ಆಗಿರಲ್ಲ. ಅರ್ಜಿಯಲ್ಲಿ ಡೆವಲಪರ್ ಇರ್ತಾನೆ, ಪಾಲಿಕೆ ಇರುತ್ತೆ. ನಿಮಗೆ ವಿಷಯ ಗೊತ್ತಾಗೋದು ಗೇಟಿಗೆ ನೋಟಿಸ್ ಅಂಟಿಸಿದಾಗ.

ಹಾಗಾದರೆ ಆ ಕಾಗದಗಳೆಲ್ಲ ಏನು? ರಿಜಿಸ್ಟ್ರೇಷನ್ ಅಂದ್ರೆ ಇಂಥವರಿಂದ ಇಂಥವರಿಗೆ ಜಾಗ ಕೈ ಬದಲಾಯಿತು ಅನ್ನೋದರ ದಾಖಲೆ. ಅಲ್ಲಿ ಮನೆ ಕಟ್ಟಬಹುದು ಅಂತ ಅದು ಎಲ್ಲೂ ಹೇಳಲ್ಲ. ಸಾತ್-ಬಾರಾ ನಮ್ಮ ಪಹಣಿ ಇದ್ದ ಹಾಗೆ, ಯಾರ ಹೆಸರಲ್ಲಿ ಜಮೀನು ಅಂತ ಹೇಳುತ್ತೆ. ತೆರಿಗೆಯನ್ನು ಪಾಲಿಕೆ ಅಕ್ರಮ ಕಟ್ಟಡದಿಂದಲೂ ವಸೂಲಿ ಮಾಡುತ್ತೆ, ರಸೀದಿ ಸಿಕ್ಕಿತು ಅಂತ ಸಕ್ರಮ ಆಗಲ್ಲ. ನಮ್ಮ ಬೆಂಗಳೂರಿನ ರೆವಿನ್ಯೂ ಸೈಟಿನ ಕಥೆ ಗೊತ್ತಿರುವವರಿಗೆ ಇಲ್ಲಿಯ ಗುಂಠೇವಾರಿ ಪ್ಲಾಟ್ ಬೇರೆ ಹೇಳಬೇಕಾಗಿಲ್ಲ, ಅಣ್ಣ ತಮ್ಮ ಇದ್ದ ಹಾಗೆ.

2024ರ ಡಿಸೆಂಬರ್ 17ರಂದು ಸುಪ್ರೀಂ ಕೋರ್ಟ್ ಮೀರಟ್‌ನ ಒಂದು ಅಕ್ರಮ ಕಟ್ಟಡದ ಕೇಸಿನಲ್ಲಿ ಇದನ್ನು ಇನ್ನೂ ಸ್ಪಷ್ಟ ಮಾಡಿತು. ವರ್ಷಗಳು ಕಳೆದವು, ದುಡ್ಡು ಹಾಕಿದೀವಿ, ಅಧಿಕಾರಿಗಳು ಸುಮ್ಮನಿದ್ದರು, ಈ ಯಾವ ಕಾರಣಕ್ಕೂ ಅಕ್ರಮ ಸಕ್ರಮ ಆಗಲ್ಲ ಅಂತು. ಕಂಪ್ಲೀಷನ್ ಅಥವಾ ಆಕ್ಯುಪೆನ್ಸಿ ಸರ್ಟಿಫಿಕೇಟ್ ನೋಡಿದ ಮೇಲೆಯೇ ನೀರು, ಕರೆಂಟ್, ಒಳಚರಂಡಿ ಕೊಡಬೇಕು, ಬ್ಯಾಂಕಿನವರೂ ಅದನ್ನು ಪರಿಶೀಲಿಸಿಯೇ ಸಾಲ ಕೊಡಬೇಕು ಅಂತಲೂ ನಿರ್ದೇಶನ ಕೊಟ್ಟಿತು. ತಪ್ಪು ಮಾಡಿದ ಅಧಿಕಾರಿಗಳ ಮೇಲೆ ಕ್ರಮ ಆಗಬೇಕು ಅಂತ ಕೂಡ ಇದೆ. ನನ್ನ ತಕರಾರು ಇರೋದು ಈ ಕೊನೇ ಮಾತಿನ ಬಗ್ಗೆ. ಗೋಡೆ ಬೀಳುವಷ್ಟು ಬೇಗ ಅಧಿಕಾರಿಯ ಮೇಲೆ ಕ್ರಮ ಆಗಿದ್ದು ನಾವು ಕಾಣೋದು ಅಪರೂಪ. ಕಟ್ಟುವಾಗ ಕಣ್ಣು ಮುಚ್ಚಿಕೊಂಡ ಇಲಾಖೆಯೇ ಕೆಡವುವಾಗ ಜೆಸಿಬಿ ಮುಂದೆ ನಿಂತಿರುತ್ತೆ. ಅರ್ಜಿದಾರನನ್ನು ಬೈಯುವವರು ಇದನ್ನು ಒಂದು ಕ್ಷಣ ನೋಡಬೇಕು. ಅವನು ತೋರಿಸಿದ ಗೆರೆ ಅವನು ಎಳೆದದ್ದಲ್ಲ.

ಹಾಗಂತ ಅರ್ಜಿದಾರನೇ ಯಾವಾಗಲೂ ಗೆಲ್ತಾನೆ ಅಂತೇನಿಲ್ಲ. ನಮ್ಮ ಬೆಂಗಳೂರಿನದೇ ಉದಾಹರಣೆ ಇದೆ. ಅಗರ ಮತ್ತು ಬೆಳ್ಳಂದೂರು ಕೆರೆಗಳ ನಡುವೆ ಎದ್ದ ದೊಡ್ಡ ಕಟ್ಟಡ ಯೋಜನೆಗಳ ಮೇಲೆ ಒಂದು ಸಂಸ್ಥೆ ಎನ್‌ಜಿಟಿಗೆ ಹೋಯಿತು. ಆಗ ಬೆಂಗಳೂರಿನ ಮಾಸ್ಟರ್ ಪ್ಲಾನ್ ಪ್ರಕಾರ ಕೆರೆಗೆ 30 ಮೀಟರ್ ಬಫರ್, ರಾಜಕಾಲುವೆಗೆ ಅದರ ದರ್ಜೆ ನೋಡಿ 50, 25, 15 ಮೀಟರ್. 2016ರ ಮೇ 4ರ ಆದೇಶದಲ್ಲಿ ಎನ್‌ಜಿಟಿ ಕೆರೆಗೆ 75 ಮೀಟರ್, ಕಾಲುವೆಗಳಿಗೆ 50, 35, 25 ಮೀಟರ್ ಅಂತ ಮಾಡಿತು, ಅದೂ ಆ ಯೋಜನೆಗಳಿಗೆ ಮಾತ್ರ ಅಲ್ಲ, ಇಡೀ ನಗರಕ್ಕೆ. ಕೆರೆ ಉಳಿಸುವವರು ಖುಷಿ ಪಟ್ಟರು. ಕೆರೆಯಿಂದ 40, 50 ಮೀಟರ್ ದೂರದಲ್ಲಿ ಕಾನೂನು ಪ್ರಕಾರವೇ ಸೈಟು ಮಾಡಿಕೊಂಡಿದ್ದವರು ರಾತ್ರೋರಾತ್ರಿ ಬಫರ್ ಒಳಗೆ ಬಂದುಬಿಟ್ಟರು. 2019ರ ಮಾರ್ಚ್ 5ರಂದು ಸುಪ್ರೀಂ ಕೋರ್ಟ್ ಈ ಬಫರ್ ನಿರ್ದೇಶನವನ್ನು ರದ್ದು ಮಾಡಿತು. ಕೆರೆಗೆ ರಕ್ಷಣೆ ಬೇಡ ಅನ್ನೋದು ಅದರ ಕಾರಣ ಆಗಿರಲಿಲ್ಲ. ಮಾಸ್ಟರ್ ಪ್ಲಾನ್ ಶಾಸನದಡಿ ಮಾಡಿದ ದಾಖಲೆ, ಅದನ್ನು ತಿದ್ದುವ ಅಧಿಕಾರ ನ್ಯಾಯಮಂಡಳಿಗೆ ಇಲ್ಲ ಅಂತ ಕೋರ್ಟ್ ಹೇಳಿತು.

ಚಿಖಲಿ ಮತ್ತು ಅಗರ, ಎರಡನ್ನೂ ಪಕ್ಕ ಪಕ್ಕ ಇಟ್ಟು ನೋಡಿ. ಚಿಖಲಿಯಲ್ಲಿ ಗೆರೆ ಮೊದಲೇ ಇತ್ತು, ಮನೆ ಆಮೇಲೆ ಬಂತು. ಹಾಗಾಗಿ ಮನೆ ಬಿತ್ತು. ಬೆಂಗಳೂರಿನಲ್ಲಿ ಗೆರೆಯನ್ನೇ ಆಮೇಲೆ ಎಳೆಯಲು ಹೋದರು, ಆ ಗೆರೆ ಬಿತ್ತು. ನೀವು ಯಾವ ಊರಿನಲ್ಲಿದ್ದರೂ ವಕೀಲರ ಹತ್ರ ಕೇಳಬೇಕಾದ ಮೊದಲ ಪ್ರಶ್ನೆ ಇದು: ನಾನು ತಗೊಳ್ಳುವ ದಿನ ಗೆರೆ ಎಲ್ಲಿದೆ, ಅದನ್ನು ಹಾಕಿದ್ದು ಯಾವ ಕಾನೂನು?

ಹೈದರಾಬಾದಿನವರಿಗೆ ಈ ಗೆರೆಯ ಹೆಸರು ಎಫ್‌ಟಿಎಲ್, ಕೆರೆ ಪೂರ್ತಿ ತುಂಬಿದಾಗ ನೀರು ನಿಲ್ಲುವ ಮಟ್ಟ. ಅದರಾಚೆಗೆ ಬಫರ್: 10 ಹೆಕ್ಟೇರ್‌ಗಿಂತ ದೊಡ್ಡ ಕೆರೆಗೆ 30 ಮೀಟರ್, ಚಿಕ್ಕದಕ್ಕೆ 9. 2024ರ ಆಗಸ್ಟ್‌ನಲ್ಲಿ ಮಾದಾಪುರದ ತಮ್ಮಿಡಿಕುಂಟ ಕೆರೆ ಪಕ್ಕದ ಕನ್ವೆನ್ಷನ್ ಸೆಂಟರನ್ನು ಹೈಡ್ರಾದವರು ಕೆಡವಿದ್ದು ಇದೇ ಗೆರೆಯ ಹೆಸರಲ್ಲಿ. ಚೆನ್ನೈ ಕಥೆ ಇನ್ನೂ ಜಟಿಲ. ಪಳ್ಳಿಕರಣೈ ಜೌಗು ಪ್ರದೇಶ 2022ರಲ್ಲಿ ರಾಮ್ಸಾರ್ ಪಟ್ಟಿಗೆ ಸೇರಿತು, ಆದರೆ ನೆಲದ ಮೇಲೆ ಅದರ ಗಡಿ ಎಲ್ಲಿ ಅನ್ನೋದು ಆಮೇಲೂ ಇತ್ಯರ್ಥ ಆಗಿರಲಿಲ್ಲ. ಅಲ್ಲಿನ ಒಂದು ವಸತಿ ಯೋಜನೆ ಮೇಲಿನ ಪಿಐಎಲ್‌ನಲ್ಲಿ 2025ರ ಅಕ್ಟೋಬರ್ ಕೊನೆಗೆ ಮದ್ರಾಸ್ ಹೈಕೋರ್ಟ್ ಕಾಮಗಾರಿಗೆ ಮಧ್ಯಂತರ ತಡೆ ಕೊಟ್ಟಿತು. ಗೆರೆ ಮಸುಕಾಗಿರುವ ಕಡೆ ಅಡ್ವಾನ್ಸ್ ಕೊಡೋದು ನನ್ನ ಪ್ರಕಾರ ಗೆರೆಯೊಳಗೆ ತಗೊಂಡಷ್ಟೇ ಅಪಾಯ.

ಮತ್ತೆ ಪುಣೆಗೆ ಬರೋಣ, ಒಂದು ವಿಷಯ ಬಾಕಿ ಇದೆ. ಕಾಗದದ ಮೇಲಿನ ಗೆರೆಯ ಆಚೆ ಇದ್ದೀರಿ ಅಂದ ಮಾತ್ರಕ್ಕೆ ನೀರು ಬರಲ್ಲ ಅಂತಲ್ಲ. ಮುಠಾ ನದಿಗೆ ಪುಣೆಯಲ್ಲಿ ನೀಲಿ ಗೆರೆ 60 ಸಾವಿರ ಕ್ಯುಸೆಕ್ ನೀರಿಗೆ, ಕೆಂಪು ಗೆರೆ 1 ಲಕ್ಷ ಕ್ಯುಸೆಕ್‌ಗೆ ಅಂತ ಲೆಕ್ಕ. 2024ರ ಜುಲೈ 25ರಂದು ಖಡಕವಾಸ್ಲಾದಿಂದ ಬಿಟ್ಟದ್ದು ಸುಮಾರು 35 ಸಾವಿರ ಕ್ಯುಸೆಕ್. ಅಷ್ಟಕ್ಕೇ ಸಿಂಹಗಡ ರಸ್ತೆಯ ಏಕತಾ ನಗರಿಯ ಸೊಸೈಟಿಗಳಲ್ಲಿ ಜನರನ್ನು ದೋಣಿಯಲ್ಲಿ ಹೊರಗೆ ತರಬೇಕಾಯಿತು. ನದಿಗೆ ಮಣ್ಣು, ಕಟ್ಟಡದ ಅವಶೇಷ ಸುರಿದು ಪಾತ್ರ ಕಿರಿದಾಗಿದ್ದರೆ ಕಮ್ಮಿ ನೀರೇ ಹೆಚ್ಚು ಎತ್ತರಕ್ಕೆ ಏರುತ್ತೆ, ಅದು ಯಾರಿಗಾದರೂ ಅರ್ಥ ಆಗುವ ಮಾತು. ಇದರಲ್ಲಿ ಪಾಲಿಕೆಯ ಕೈಯೂ ಶುದ್ಧ ಇಲ್ಲ. ವಿಠ್ಠಲವಾಡಿಯಿಂದ ಹೆದ್ದಾರಿ ಕಡೆಗೆ ಮುಠಾ ದಡದಲ್ಲಿ ಪಾಲಿಕೆಯೇ ಮಾಡುತ್ತಿದ್ದ ರಸ್ತೆಯ ಮೇಲೆ ನಾಗರಿಕರು ಎನ್‌ಜಿಟಿಗೆ ಹೋದಾಗ, 2013ರ ಜುಲೈನಲ್ಲಿ ಆದೇಶ ಪಾಲಿಕೆಗೆ ವಿರುದ್ಧವಾಗಿ ಬಂತು. ನೀಲಿ ಗೆರೆಯೊಳಗೆ ಮಣ್ಣು ತುಂಬಿ ರಸ್ತೆ ಎಬ್ಬಿಸುವಂತಿಲ್ಲ ಅನ್ನೋದು ಅದರ ತಿರುಳು. 1961ರ ಜುಲೈ 12ರಂದು ಪಾನಶೇತ್ ಅಣೆಕಟ್ಟು ಒಡೆದು ಅರ್ಧ ಊರೇ ಮುಳುಗಿದ ನಗರ ಇದು. ಹಳೇ ಪುಣೆಯವರು ಇವತ್ತಿಗೂ ಗೋಡೆ ತೋರಿಸಿ ನೀರು ಇಲ್ಲಿಗೆ ಬಂದಿತ್ತು ಅಂತಾರೆ. ಏಕತಾ ನಗರಿ ಅಂಥ ಕಡೆ ದಡದ ಮನೆಯಲ್ಲಿ ಇರುವವರಿಗೆ ಮೇಲಿನ ದಂಡೆಯಲ್ಲಿ ಮಣ್ಣು ಸುರಿಯುವವನ ಮೇಲೆ ಅರ್ಜಿ ಹಾಕುವ ಆ "ಸಂಬಂಧ ಇಲ್ಲದವನು" ನಿಜವಾಗಿ ಉಪಕಾರ ಮಾಡ್ತಿದ್ದಾನೆ.

ಈಗ ಮಾಡಬೇಕಾದ್ದು. ತಗೊಳ್ಳುವ ಮೊದಲು ಸರ್ವೆ ನಂಬರ್ ಹಿಡಿದು ಪಾಲಿಕೆ ಅಥವಾ ಪಿಎಂಆರ್‌ಡಿಎ ಕಚೇರಿಯಿಂದ ಝೋನ್ ದಾಖಲೆ ತಗೊಳ್ಳಿ. ಅದರ ಜೊತೆ ಡೆವಲಪ್‌ಮೆಂಟ್ ಪ್ಲಾನಿನ ನಕ್ಷೆಯ ಭಾಗ ಕೇಳಿ, ಪ್ರವಾಹ ರೇಖೆ ಅದರಲ್ಲಿ ಇರಬೇಕು. ಕಾಣದಿದ್ದರೆ ಗೆರೆ ಇಲ್ಲ ಅಂತ ಅಂದುಕೊಳ್ಳಬೇಡಿ. ನೀರಾವರಿ ಇಲಾಖೆಗೆ ಒಂದು ಆರ್‌ಟಿಐ ಹಾಕಿ, ಈ ಸರ್ವೆ ನಂಬರ್ ನೀಲಿ, ಕೆಂಪು ಗೆರೆಗಳ ಯಾವ ಕಡೆ ಇದೆ ಅಂತ ಬರಹದಲ್ಲಿ ಕೇಳಿ. ಹತ್ತು ರೂಪಾಯಿ, 30 ದಿನ. ಅಲ್ಲಿಯವರೆಗೆ ಟೋಕನ್ ಕೊಡಬೇಡಿ. "ಇವತ್ತೇ ಕೊಡದಿದ್ರೆ ಬೇರೆ ಪಾರ್ಟಿ ರೆಡಿ ಇದ್ದಾರೆ" ಅಂದರೆ ಆ ಪಾರ್ಟಿಗೇ ಕೊಟ್ಟುಬಿಡಿ ಅನ್ನಿ. ಫ್ಲ್ಯಾಟ್ ಆದರೆ ಮಹಾರೇರಾ ವೆಬ್‌ಸೈಟಿನಲ್ಲಿ ಪ್ರಾಜೆಕ್ಟಿನ ಪುಟ ತೆಗೆದು ಕೋರ್ಟ್ ಕೇಸುಗಳ ಭಾಗ ನೋಡಿ. ಎನ್‌ಜಿಟಿ ಮತ್ತು ಬಾಂಬೆ ಹೈಕೋರ್ಟ್ ವೆಬ್‌ಸೈಟುಗಳಲ್ಲಿ ಡೆವಲಪರ್ ಹೆಸರು ಹಾಕಿ ಹುಡುಕೋಕೆ ಹತ್ತು ನಿಮಿಷ ಸಾಕು. ಬ್ಯಾಂಕ್ ಲೋನ್ ಕೊಡ್ತು ಅನ್ನೋದನ್ನು ಪ್ರಮಾಣಪತ್ರ ಅಂದುಕೊಳ್ಳಬೇಡಿ, ಬ್ಯಾಂಕಿನ ದುಡ್ಡಿಗೆ ನೀವು ಜವಾಬ್ದಾರಿ, ನಿಮ್ಮ ದುಡ್ಡಿಗೆ ಬ್ಯಾಂಕ್ ಅಲ್ಲ.

ಆಗಲೇ ತಗೊಂಡಿದ್ದೀರಿ, ಕೇಸೂ ಬಿದ್ದಿದೆ ಅಂದ್ರೆ? ಸುಮ್ಮನೆ ಕೂರಬೇಡಿ, ಬಿಲ್ಡರ್ ನೋಡ್ಕೋತಾನೆ ಅಂತಲೂ ಬಿಡಬೇಡಿ. ಸೊಸೈಟಿಯವರೆಲ್ಲ ಸೇರಿ ನಿಮ್ಮನ್ನೂ ಪಾರ್ಟಿ ಮಾಡಿ ಅಂತ ಅರ್ಜಿ ಹಾಕಿ. ಬಾಧಿತರ ಮಾತು ಕೇಳದೆ ಎನ್‌ಜಿಟಿ ಕೊಟ್ಟ ಆದೇಶವನ್ನು ಸುಪ್ರೀಂ ಕೋರ್ಟ್ 2024ರ ಜನವರಿಯಲ್ಲಿ ಅದೇ ಕಾರಣಕ್ಕೆ ರದ್ದು ಮಾಡಿದ್ದುಂಟು. ಜಂಟಿ ಸಮಿತಿ ಅಳತೆಗೆ ಬರುವ ದಿನ ಸ್ಥಳದಲ್ಲಿ ನಿಮ್ಮ ಸರ್ವೇಯರ್ ಇರಲಿ, ಗೆರೆ ಮನೆಯ ಅಂಚಿನಲ್ಲಿ ಹಾದು ಹೋಗುವಂತಿದ್ದರೆ ಒಂದೆರಡು ಮೀಟರಿನ ವ್ಯತ್ಯಾಸವೇ ದೊಡ್ಡದು. ಗೆರೆಯೊಳಗೆ ನಡುಮಧ್ಯದಲ್ಲೇ ಮನೆ ಇದೆ ಅಂತ ಖಚಿತ ಆದರೆ ಮನೆ ಉಳಿಸುವ ಹೋರಾಟಕ್ಕಿಂತ ದುಡ್ಡು ವಾಪಸ್ ಪಡೆಯುವ ಹೋರಾಟ ಬೇಗ ಶುರು ಮಾಡೋದು ಲೇಸು. ನೋಯ್ಡಾದ ಅವಳಿ ಗೋಪುರಗಳ ಕೇಸಿನಲ್ಲಿ 2021ರ ಆಗಸ್ಟ್‌ನಲ್ಲಿ ಸುಪ್ರೀಂ ಕೋರ್ಟ್ ಕೆಡವಲು ಹೇಳಿದಾಗ ಫ್ಲ್ಯಾಟ್ ಕೊಂಡವರಿಗೆ ಶೇ. 12ರ ಬಡ್ಡಿ ಸಮೇತ ವಾಪಸ್ ಕೊಡಿ ಅಂತಲೂ ಹೇಳಿತ್ತು. ಕೊಚ್ಚಿಯ ಮರಡುವಿನಲ್ಲಿ ಹಿನ್ನೀರಿನ ದಡದ ನಾಲ್ಕು ಫ್ಲ್ಯಾಟ್ ಸಮುಚ್ಚಯಗಳನ್ನು 2020ರ ಜನವರಿ 11, 12ರಂದು ಉರುಳಿಸುವ ಮೊದಲು ಒಬ್ಬೊಬ್ಬ ಮಾಲೀಕರಿಗೆ 25 ಲಕ್ಷದವರೆಗೆ ಮಧ್ಯಂತರ ಪರಿಹಾರಕ್ಕೆ ಆದೇಶ ಇತ್ತು. ಅದು ತಾನಾಗಿ ಬರಲಿಲ್ಲ, ಕೋರ್ಟ್ ಮುಂದೆ ಕೇಳಿದ್ದಕ್ಕೆ ಬಂತು. ಹೀಗೆ ಕೇಳಬೇಕಾದರೆ ಸೇಲ್ ಅಗ್ರಿಮೆಂಟ್, ದುಡ್ಡು ಕೊಟ್ಟ ಬ್ಯಾಂಕ್ ದಾಖಲೆ, ಡೆವಲಪರ್ ಕೊಟ್ಟ ಬ್ರೋಷರ್, ವಾಟ್ಸಾಪ್‌ನಲ್ಲಿ ಅವನು "ಎಲ್ಲಾ ಕ್ಲಿಯರ್ ಸರ್" ಅಂದ ಮೆಸೇಜು, ಎಲ್ಲ ಬೇಕು. ಸ್ಕ್ರೀನ್‌ಶಾಟ್ ಇವತ್ತೇ ತೆಗೆದಿಡಿ, ಆಮೇಲೆ ಅವನು ಅಳಿಸಿರುತ್ತಾನೆ.